ಗಂಗಲಕ್ಷ್ಮಮ್ಮ ಗರುಡನನ್ನು ಕರೆದದ್ದು

ದೊಡ್ಡಬಳ್ಳಾಪುರದ ಗೋಪಾಲಪ್ಪನ ಮಗ್ಗದ ಮನೆಗೆ ಇದ್ದದ್ದು ಒಂದೇ ಕಿಟಕಿ. ಮೂರು ಅಡಿ ಅಗಲ, ಎರಡು ಅಡಿ ಎತ್ತರ, ನಾಲ್ಕು ಕಂಬಿ. ಅದರ ಕೆಳಗೆ ಹನ್ನೊಂದು ವರ್ಷದಿಂದ ರಾಟೆ ಇಟ್ಟುಕೊಂಡು ಕೂತವಳು ಗಂಗಲಕ್ಷ್ಮಮ್ಮ. ಲಾಳಿಯೊಳಗೆ ಕೂರುವ ಗೇಣುದ್ದದ ಕಡ್ಡಿಗೆ ರೇಷ್ಮೆ ಎಳೆ ಸುತ್ತುವುದು ಅವಳ ಕೆಲಸ. ಅದಕ್ಕೆ ಕಂಡಿಕೆ ಸುತ್ತುವುದು ಎನ್ನುತ್ತಾರೆ.

ಹುಟ್ಟಿದ್ದು ಸೂಲಿಬೆಲೆಯಲ್ಲಿ. ಹದಿನಾರನೆಯ ವಯಸ್ಸಿಗೆ ದೊಡ್ಡಬಳ್ಳಾಪುರಕ್ಕೆ ಸೊಸೆಯಾಗಿ ಬಂದಳು. ಗಂಡನ ಹೆಸರು ಗರುಡಪ್ಪ. ಅವನು ಗುಂಡಿ ಮಗ್ಗದಲ್ಲಿ ನೇಯುವುದು, ಇವಳು ಪಕ್ಕದಲ್ಲಿ ಕೂತು ಕಂಡಿಕೆ ಸುತ್ತುವುದು, ಹೀಗೆ ಮೂವತ್ತಮೂರು ವರ್ಷ ನಡೆಯಿತು. ಅವನು ತೀರಿಕೊಂಡ ಮೇಲೆ ಮಗ್ಗ ಕೊಟ್ಟುಬಿಟ್ಟು, ಮಗಳ ಮನೆ ಸೇರಿ, ಗೋಪಾಲಪ್ಪನ ಕರೆಂಟು ಮಗ್ಗಗಳಿಗೆ ಕಂಡಿಕೆ ಸುತ್ತಲು ಬಂದಳು. ಅಳಿಯ ಮುನಿಸ್ವಾಮಿ ಬಾಶೆಟ್ಟಿಹಳ್ಳಿ ಕಾರ್ಖಾನೆಗೆ ಪಾಳಿಯ ಮೇಲೆ ಹೋಗುವವನು, ಒಳ್ಳೆಯವನು. ಒಳ್ಳೆಯವನಾದರೂ ಅಳಿಯನೇ. ದುಡಿದು ಬಂದು ಉಣ್ಣುವ ಅತ್ತೆಗೂ ಕೂತು ಉಣ್ಣುವ ಅತ್ತೆಗೂ ಇಡುವ ತಟ್ಟೆಯ ಸದ್ದು ಬೇರೆ ಎಂಬುದನ್ನು ಗಂಗಲಕ್ಷ್ಮಮ್ಮ ಬೇರೆ ಮನೆಗಳಲ್ಲಿ ಕೇಳಿದ್ದಳು.

ಅರವತ್ತು ತುಂಬಿದ ಮೇಲೆ ಅವಳ ಕಣ್ಣಿಗೆ ಬಲ್ಬಿನ ಬೆಳಕಿನಲ್ಲಿ ಎಳೆ ಕಾಣಿಸುವುದು ನಿಂತಿತು. ಕಿಟಕಿಯ ಬೆಳಕಿಗೆ ಹಿಡಿದರೆ ಮಾತ್ರ ತುಂಡಾದ ಎಳೆ ಕಾಣುತ್ತಿತ್ತು. ಕಾಣದೆ ಸುತ್ತಿದ ಕಂಡಿಕೆ ಸೀರೆಯಲ್ಲಿ ಗೆರೆಯಾಗಿ ಬರುತ್ತದೆ. ಅಂಥ ಎರಡು ಸೀರೆ ಬಂದರೆ ಗೋಪಾಲಪ್ಪ ಬಯ್ಯುವುದಿಲ್ಲ, "ಸಾಕಮ್ಮ, ಇನ್ನು ಮನೇಲಿರಿ" ಎನ್ನುತ್ತಾನೆ. ಕಿಟಕಿ ಹೋದರೆ ಕೆಲಸವೂ ಹೋಗುತ್ತದೆ. ಇದು ಅವಳಿಗೂ ಗೊತ್ತಿತ್ತು, ಪಕ್ಕದ ರಾಟೆಯ ಬಶೀರುನ್ನೀಸಾಗೂ ಗೊತ್ತಿತ್ತು. ಇನ್ನು ಯಾರಿಗೂ ಹೇಳಿರಲಿಲ್ಲ.

ಆ ಮಗ್ಗದ ಮನೆಯಲ್ಲಿ ಒಂದು ಕಟ್ಟಳೆ ಇತ್ತು. ಆಯುಧಪೂಜೆಗೆ ರಾಟೆಗಳನ್ನೆಲ್ಲ ಹೊರಗಿಟ್ಟು ತೊಳೆದು ಕುಂಕುಮ ಇಡುತ್ತಾರೆ. ಮತ್ತೆ ಒಳಗೆ ತರುವಾಗ ಯಾರ ಜಾಗ ಯಾವುದೆಂದು ಹೊಸದಾಗಿ ಹೇಳಬೇಕು. ಇಬ್ಬರು ಒಂದೇ ಜಾಗ ಕೇಳಿದರೆ ಪಟದಾಟದಲ್ಲಿ ತೀರ್ಮಾನ. ಸೋತವರು ಮುಂದಿನ ಆಯುಧಪೂಜೆಯವರೆಗೆ ಆ ಮಾತು ಎತ್ತಕೂಡದು.

ಪಟ ಎಂದರೆ ಬೆಂಕಿಪೊಟ್ಟಣದ ಮೇಲಿನ ಚಿತ್ರ. ನೀರಲ್ಲಿ ನೆನೆಸಿ ಬಿಡಿಸಿ, ಸೀರೆಗೆ ಚಿತ್ತಾರ ಎತ್ತುವ ಜಕಾರ್ಡಿನ ಹಳೆಯ ತೂತು ರಟ್ಟಿನ ತುಂಡಿಗೆ ಅಂಟಿಸುವುದು. ಮೇಸ್ತ್ರಿ ಗೋವಿಂದರಾಜು ತಂದ ಆಟ ಅದು. ಕರೆಂಟು ಹೋಗಿ ಮಗ್ಗ ನಿಂತಾಗ ಗಂಡಸರು ಹೆಂಗಸರೆನ್ನದೆ ಚಾಪೆಯ ಸುತ್ತ ಕೂರುತ್ತಿದ್ದರು. ಪಟಗಳ ಅದಲು ಬದಲು ದಿನವೂ ನಡೆಯುತ್ತಿತ್ತು. ಗಂಗಲಕ್ಷ್ಮಮ್ಮ ಮಾತ್ರ ಒಂದು ದಿನವೂ ಆಡಿರಲಿಲ್ಲ. ಅವಳ ಕಿಟಕಿಯನ್ನು ಯಾರೂ ಕೇಳಿರಲಿಲ್ಲ.

ತೊಂಬತ್ತನಾಲ್ಕನೆಯ ಇಸವಿಯಲ್ಲಿ ಶಾಮಲಾ ಕೇಳಿದಳು.

ಶಾಮಲಾ ಸಾಸಲು ಕಡೆಯ ಹುಡುಗಿ. ಮದುವೆಯಾಗಿ ಬಂದು, ಈ ಮಗ್ಗದ ಮನೆ ಸೇರಿ ನಾಲ್ಕು ತಿಂಗಳಾಗಿತ್ತು. ಅವಳಿಗೆ ಸಿಕ್ಕಿದ್ದು ನಾಲ್ಕನೆಯ ಮಗ್ಗದ ಮೋಟರಿನ ಪಕ್ಕದ ಗೋಡೆ ಮೂಲೆ. ಹಾರುವ ನೂಲಿನ ಹೊಟ್ಟು ಮೂಗಿಗೆ ತುಂಬಿ ಸಂಜೆಯ ಹೊತ್ತಿಗೆ ಕೆಮ್ಮಿ ಕೆಮ್ಮಿ ಕಣ್ಣು ಕೆಂಪಾಗುತ್ತಿತ್ತು.

"ಅಜ್ಜಿ, ಈ ಸಲ ಕಿಟಕಿ ನಾ ಕೇಳ್ತೀನಿ. ಕೋಪ ಮಾಡ್ಕೋಬೇಡಿ" ಎಂದಳು ನವರಾತ್ರಿಯ ಮೊದಲ ದಿನ.

"ಕೇಳಮ್ಮ. ಬಾಯಿ ನಿಂದು."

"ನಿಮಗೆ ಆಟ ಬರುತ್ತಾ?"

"ಬರಲ್ಲ."

"ಮತ್ತೆ ಹೆಂಗೆ? ಸುಮ್ನೆ ಬಿಟ್ಕೊಟ್ಬಿಡಿ, ಎಲ್ಲರ ಮುಂದೆ ಯಾಕೆ ಸೋಲ್ತೀರಿ?"

"ಇನ್ನೂ ಒಂಬತ್ತು ದಿನ ಐತಲ್ಲ" ಎಂದು ಗಂಗಲಕ್ಷ್ಮಮ್ಮ ರಾಟೆ ತಿರುಗಿಸಿದಳು. ಆದರೆ ಆ ಮಧ್ಯಾಹ್ನ ಅವಳು ತಂದ ಮುದ್ದೆ ಡಬ್ಬಿಯಲ್ಲೇ ಉಳಿಯಿತು.

ಕಲಿಸಿದವಳು ಬಶೀರುನ್ನೀಸಾ. ಇಬ್ಬರದೂ ಒಂದೇ ವಯಸ್ಸು, ಹನ್ನೊಂದು ವರ್ಷದ ಪಕ್ಕದ ರಾಟೆ. ಊಟದ ಹೊತ್ತಿನಲ್ಲಿ ನೂಲಿನ ಮೂಟೆಗಳ ಹಿಂದೆ ಪಟ ಹರಡಿ ಕೂತರು.

"ನೋಡು ಗಂಗಕ್ಕ. ಹೂವು, ದೀಪ, ಪಾರಿವಾಳ, ಬೀಗದ ಕೈ, ಇವೆಲ್ಲ ಸಣ್ಣವು. ಒಂದು ಸರದಿಗೆ ಒಂದು, ಸುಮ್ನೆ ಇಡಬಹುದು. ಒಂದಕ್ಕೆ ಒಂದೇ ಲೆಕ್ಕ. ಆನೆ, ಹುಲಿ, ಇಂಥವು ದೊಡ್ಡವು. ಒಂದಕ್ಕೆ ಐದು. ಆದ್ರೆ ಅವನ್ನ ಹಂಗೇ ಇಡಂಗಿಲ್ಲ. ಕರೀಬೇಕು."

"ಹೆಂಗೆ ಕರೆಯೋದು?"

"ದೊಡ್ಡೋರು ಮನೆಗೆ ಬಂದ್ರೆ ಕೂತಿರೋ ಹುಡುಗರು ಎದ್ದು ಜಾಗ ಬಿಡಲ್ವಾ? ಹಂಗೆ. ಚಾಪೆ ಮೇಲೆ ನಿಂದು ಎರಡು ಸಣ್ಣವು ಇರಬೇಕು. ಎರಡನ್ನೂ ಮಗುಚಿ ಹೊರಗೆ ಕಳಿಸು. ದೊಡ್ಡದನ್ನ ಎದೆಗೆ ಹಿಡ್ಕೊ. ಹೆಸರು ಹಿಡಿದು ಬಾ ಅನ್ನು. ಆಮೇಲೆ ಇಡು."

"ಮೊದಲು ಮಗುಚೋದಾ, ಮೊದಲು ಎದೆಗೆ ಹಿಡಿಯೋದಾ?"

"ಮಗುಚೋದು."

"ಎಡಗೈಲಿ ಇಟ್ಟರೆ?"

"ಅರೆ, ಯಾವ ಕೈಲಾದ್ರೂ ಇಡು. ಹೆಸರಿಗೆ ಮುಂಚೆ ಪಟ ಚಾಪೆ ಮುಟ್ಟಬಾರದು, ಅಷ್ಟೇ. ಮುಟ್ಟಿದರೆ ಕರೆ ಬಿತ್ತು. ಎರಡು ಸಣ್ಣವೂ ಹೋದವು, ಸರದಿನೂ ಹೋಯ್ತು. ದೊಡ್ಡದು ಮಾತ್ರ ಕೈಲಿ ಉಳೀತದೆ."

ಕರೆದು ಬಂದ ದೊಡ್ಡದಕ್ಕೆ ಬಲ ಹೆಚ್ಚು. ಬರುತ್ತಲೇ ಎದುರಿನವರ ಚಾಪೆಯಲ್ಲಿ ತನಗಿಂತ ಕಡಿಮೆಯ ದೊಡ್ಡದಿದ್ದರೆ ಅದನ್ನು ಎಬ್ಬಿಸಿ ಕಳಿಸುತ್ತದೆ. ಆಮೇಲಿನ ಸರದಿಗಳಲ್ಲಿ ಎದುರಿನ ಸಣ್ಣದೊಂದನ್ನು ಹೊಡೆಯಬಹುದು. ಹೊಡೆದ ಮೇಲೆ ಒಂದು ಸರದಿ ಸುಮ್ಮನಿರಬೇಕು. ಒಂದು ಸರದಿಗೆ ಒಂದೇ ಕೆಲಸ: ಇಡುವುದು, ಇಲ್ಲವೇ ಹೊಡೆಯುವುದು, ಇಲ್ಲವೇ ಕರೆಯುವುದು. ಕರೆಂಟು ಬಂದಾಗ ಆಟ ಮುಗಿಯಿತು, ನಡೆಯುತ್ತಿರುವ ಸರದಿ ಒಂದು ಪೂರ್ತಿಯಾಗಬೇಕು ಅಷ್ಟೇ. ಚಾಪೆಯ ಮೇಲೆ ಯಾರ ಲೆಕ್ಕ ಹೆಚ್ಚೋ ಅವರು ಗೆದ್ದರು.

ಗಂಗಲಕ್ಷ್ಮಮ್ಮ ದಿನಕ್ಕೆ ಐವತ್ತು ಸಲ ಕರೆದು ಅಭ್ಯಾಸ ಮಾಡಿದಳು. ಮಗುಚು, ಎದೆಗೆ ಹಿಡಿ, ಅನ್ನು, ಇಡು. ಪಟ ಇಲ್ಲದಾಗ ಖಾಲಿ ಕಂಡಿಕೆ ಕಡ್ಡಿಗಳನ್ನೇ ಜೋಡಿಸಿ ಕರೆದಳು. ನೆರೆಯ ಒಲೆಗಳಿಂದ ಪೊಟ್ಟಣ ಬೇಡಿ ಸಣ್ಣ ಪಟಗಳನ್ನು ಕೂಡಿಸಿದಳು. ದೊಡ್ಡದು ಒಂದೂ ಇರಲಿಲ್ಲ. ಬಶೀರುನ್ನೀಸಾಳ ಮಗ ರಹೀಮ್ ಲಾರಿಯಲ್ಲಿ ಓಡಾಡುವವನು, ದೂರದೂರದ ಪೊಟ್ಟಣ ತರುತ್ತಿದ್ದ. ಹದಿನಾಲ್ಕು ಸಣ್ಣ ಪಟಕ್ಕೆ ಅವನ ಹತ್ತಿರ ಒಂದು ದೊಡ್ಡ ಪಟ ಸಿಕ್ಕಿತು. ಬಶೀರುನ್ನೀಸಾ ಅದನ್ನು ಸೆರಗಿನಿಂದ ತೆಗೆದು ಮುಂದೆ ಇಟ್ಟಳು. ರೆಕ್ಕೆ ಬಿಚ್ಚಿ, ಕೈ ಮುಗಿದು ಕೂತ ಗರುಡ.

ಗಂಗಲಕ್ಷ್ಮಮ್ಮ ಅದನ್ನು ಮುಟ್ಟಲಿಲ್ಲ. "ಬೇರೆ ಇಲ್ವಾ ಬಶೀರಮ್ಮ?"

"ಆನೆ ಮೇಸ್ತ್ರಿ ಹತ್ರ. ಹುಲಿ ಆ ಹುಡುಗಿ ಹತ್ರ. ಇದು ಎರಡಕ್ಕೂ ಮೇಲು. ಇನ್ನೇನು ಬೇಕು ನಿನಗೆ?"

ನಲವತ್ತನಾಲ್ಕು ವರ್ಷದಲ್ಲಿ ಆ ಹೆಸರು ಅವಳ ಬಾಯಿಂದ ಹೊರಗೆ ಬಂದಿರಲಿಲ್ಲ. ಅವನಿದ್ದಾಗ 'ನಮ್ಮನೆಯವರು', ಹೋದ ಮೇಲೆ 'ಹೋದವರು'. ರೇಷನ್ ಕಾರ್ಡಿಗೆ ಗಂಡನ ಹೆಸರೇನೆಂದು ಕೇಳಿದಾಗ ಹಿಂದೆ ನಿಂತಿದ್ದ ಹೆಂಗಸಿನಿಂದ ಹೇಳಿಸಿದ್ದಳು. ಗುಡಿಯ ಮುಂದಿನ ಗರುಡಗಂಬಕ್ಕೂ 'ದೊಡ್ಡ ಕಂಬ' ಎನ್ನುತ್ತಿದ್ದಳು. ಈಗಲೂ ಹಾಗೇ ದಾರಿ ಕಂಡುಕೊಂಡಳು. ಎರಡು ಸಣ್ಣವನ್ನು ಮಗುಚಿ, ಪಟವನ್ನು ಎದೆಗೆ ಹಿಡಿದು, "ದೇವರ ಮುಂದಿನ ಹಕ್ಕಿ, ಬಾ" ಎಂದಳು.

"ಸರಿಯಾಗಿದೆ" ಎಂದಳು ಬಶೀರುನ್ನೀಸಾ.

ಅವಳಿಗೆ ಅದು ತಪ್ಪು ಎನಿಸಲೇ ಇಲ್ಲ. ಮಗಳು ಮುನ್ನಿ ಹುಟ್ಟಿದ ದಿನದಿಂದ ಅವಳು ತನ್ನ ಗಂಡನನ್ನು 'ಮುನ್ನಿ ಅಬ್ಬಾ' ಎಂದೇ ಕರೆಯುತ್ತಿದ್ದಳು. ಹೇಳಬಾರದ ಹೆಸರನ್ನು ಹೀಗೆ ಸುತ್ತಿ ಹೇಳುವುದು ಇಬ್ಬರಿಗೂ ಉಸಿರಾಡಿದಷ್ಟು ಸಲೀಸು. ಉಳಿದ ಐದು ದಿನವೂ ಒಬ್ಬಳು ತಪ್ಪು ಹೇಳಿದಳು, ಇನ್ನೊಬ್ಬಳು ಸರಿ ಎಂದಳು.

ಆಯುಧಪೂಜೆ ಕಳೆದು ಮಗ್ಗ ಶುರುವಾದ ಮೊದಲ ದಿನ ಬೆಳಿಗ್ಗೆ ಹತ್ತೂವರೆಗೆ ಕರೆಂಟು ಹೋಯಿತು. ಗೋಪಾಲಪ್ಪನ ಕಟ್ಟುನಿಟ್ಟಿನಂತೆ ನಾಲ್ಕು ಮಗ್ಗದ ಹಿಡಿಗಳನ್ನೂ ಹಾಕಿಯೇ ಬಿಟ್ಟರು, ಕರೆಂಟು ಬಂದ ಕೂಡಲೇ ಓಡಲಿ ಎಂದು. ಎರಡು ರಾಟೆಗಳು ಇನ್ನೂ ಬಾಗಿಲ ಹೊರಗೇ ಇದ್ದವು. ಗೋವಿಂದರಾಜು ಚಾಪೆ ಹಾಸಿ ನಡುವೆ ಕೂತ. ಇಬ್ಬರ ಕೈಯಲ್ಲೂ ಹತ್ತು ಹತ್ತು ಪಟ.

"ಒಂದು ಸರದಿಗೆ ನಾನು ಮೂವತ್ತು ಎಣಿಸ್ತೀನಿ. ಅಷ್ಟರಲ್ಲಿ ಮುಗೀಬೇಕು. ಆಮೇಲೆ ಅಳೋದು ಕರೆಯೋದು ಇಲ್ಲ" ಎಂದ.

"ಅಜ್ಜಿಗೆ ಅರವತ್ತು ಎಣಿಸಿ ಮೇಸ್ತ್ರಿ, ವಯಸ್ಸಿಗೆ ಸರಿಹೋಗುತ್ತೆ" ಎಂದಳು ಶಾಮಲಾ. ಸುತ್ತ ಕೂತವರು ನಕ್ಕರು.

ಗಂಗಲಕ್ಷ್ಮಮ್ಮ ದೀಪ ಇಟ್ಟಳು. ಶಾಮಲಾ ಬೀಗದ ಕೈ ಇಟ್ಟಳು. ಇವಳು ಪಾರಿವಾಳ, ಅವಳು ಗಂಟೆ. ಮೂರನೆಯ ಸರದಿಗೆ ಗಂಗಲಕ್ಷ್ಮಮ್ಮ ದೀಪವನ್ನೂ ಪಾರಿವಾಳವನ್ನೂ ಮಗುಚಿದಳು. ಪಟವನ್ನು ಎದೆಗೆ ಹಿಡಿದಳು.

"ದೇವರ ಮುಂದಿನ ಹಕ್ಕಿ, ಬಾ" ಎಂದು ಇಟ್ಟಳು.

ಗೋವಿಂದರಾಜು ಪಟ ನೋಡಿದ, ಅವಳ ಮುಖ ನೋಡಿದ. "ಅದೇನಮ್ಮ ಹಕ್ಕಿ? ಹೆಸರು ಹಿಡಿದು ಕರೀಬೇಕು."

"ಹೆಸರೇ ಅದು."

"ಅಲ್ಲಮ್ಮ. ಪಟದ ಹೆಸರು ಎಲ್ಲರಿಗೂ ಗೊತ್ತಲ್ಲ."

"ನನಗೆ ಹಂಗೆ ಅನ್ನೋಕೆ ಬರಲ್ಲ ಮೇಸ್ತ್ರಿ" ಎಂದಳು ಅವಳು, ಕಣ್ಣು ಮೇಲೆತ್ತದೆ. ಹಳಬರಿಗೆಲ್ಲ ಆಗ ಅರ್ಥವಾಯಿತು. ಬಶೀರುನ್ನೀಸಾ ಬಾಯಿಗೆ ಸೆರಗು ಅಡ್ಡ ಹಿಡಿದಳು. ಐದು ದಿನ ತಾನು ಏನು ಕಲಿಸಿದೆ ಎಂದು ಅವಳಿಗೆ ಈಗ ಹೊಳೆಯಿತು.

"ಒಂದ್ಸಲ ಬಿಟ್ಬಿಡಿ ಮೇಸ್ತ್ರಿ" ಎಂದಳು.

"ಇವತ್ತು ಹಕ್ಕಿ ಅಂದ್ರೆ ಬಿಡೋದು, ನಾಳೆ ಇನ್ನೊಬ್ಬ ಹುಲಿಗೆ ಬೆಕ್ಕು ಅಂತಾನೆ" ಎಂದ ಗೋವಿಂದರಾಜು. ಅವನ ದನಿಯಲ್ಲಿ ಗಡಸಿರಲಿಲ್ಲ, ಸಡಿಲವೂ ಇರಲಿಲ್ಲ. "ಕರೆ ಬಿತ್ತು."

ದೀಪ ಹೋಯಿತು, ಪಾರಿವಾಳ ಹೋಯಿತು. ಗರುಡ ಕೈಗೆ ವಾಪಸು ಬಂದ. ಚಾಪೆಯ ಈ ಕಡೆ ಬರಿದಾಯಿತು. ಶಾಮಲಾ ತಡಮಾಡಲಿಲ್ಲ. ಬೀಗದ ಕೈ, ಗಂಟೆ ಮಗುಚಿ, "ಹುಲಿ, ಬಾ" ಎಂದು ರಪ್ಪನೆ ಇಟ್ಟಳು.

ಆಮೇಲೆ ಗಂಗಲಕ್ಷ್ಮಮ್ಮ ಕಮಲ ಇಟ್ಟಳು, ಹುಲಿ ಹೊಡೆಯಿತು. ಹಡಗು ಇಟ್ಟಳು. ಹುಲಿ ಸುಮ್ಮನಿರಬೇಕಾದ ಸರದಿ, ಶಾಮಲಾ ಗುಲಾಬಿ ಇಟ್ಟಳು. ಇವಳು ಕೋಳಿ ಇಟ್ಟಳು, ಹುಲಿ ಹಡಗನ್ನು ಹೊಡೆಯಿತು. ಇವಳು ಮಾವಿನಹಣ್ಣು ಇಟ್ಟಳು. ಈಗ ಅವಳ ಕಡೆ ಕೋಳಿ, ಮಾವಿನಹಣ್ಣು, ಎರಡು ನಿಂತಿದ್ದವು. ಶಾಮಲಾಳ ಕಡೆ ಹುಲಿ, ಗುಲಾಬಿ. ಅವಳ ಹುಲಿ ಮತ್ತೆ ಸುಮ್ಮನಿರಬೇಕಾದ ಸರದಿ.

ಶಾಮಲಾ ಈಗ ಆತುರ ಪಡಲಿಲ್ಲ. ಲೆಕ್ಕ ತನ್ನ ಕಡೆ ಇದೆ, ಕರೆಂಟು ಬಂದರೆ ಕಿಟಕಿ ತನ್ನದು. ಗೋವಿಂದರಾಜು ಇಪ್ಪತ್ತೊಂಬತ್ತು ಎನ್ನುವವರೆಗೆ ಪಟಗಳನ್ನು ಬೀಸಣಿಗೆ ಮಾಡಿಕೊಂಡು ಗಾಳಿ ಹಾಕಿಕೊಂಡಳು. ಆಮೇಲೆ ನಿಧಾನಕ್ಕೆ ಒಂದು ಗಿಳಿ ಇಟ್ಟಳು. ಐದು, ಒಂದು, ಒಂದು, ಒಟ್ಟು ಏಳು.

"ನಿಮ್ಮ ಸರದಿ ಅಜ್ಜಿ. ಹಕ್ಕಿ ಕರೀತೀರಾ, ಕಾಳು ಹಾಕ್ತೀರಾ?"

ಗೋವಿಂದರಾಜು ಎಣಿಸಲು ಶುರುಮಾಡಿದ. "ಒಂದು. ಎರಡು."

ಗಂಗಲಕ್ಷ್ಮಮ್ಮ ಕೈಯಲ್ಲಿದ್ದ ಪಟ ನೋಡುತ್ತಿದ್ದಳು. ಈ ಸರದಿ ಕರೆಯದೆ ಸಣ್ಣದಿಟ್ಟರೆ ಮೂರು ಆಗುತ್ತದೆ. ಮುಂದಿನ ಸರದಿಗೆ ಹುಲಿ ಒಂದನ್ನು ಹೊಡೆಯುತ್ತದೆ. ಅಷ್ಟರಲ್ಲಿ ಕರೆಂಟು ಬಂದೇ ಬರುತ್ತದೆ. ಕರೆದರೆ ಗರುಡ ಹುಲಿಯನ್ನು ಎಬ್ಬಿಸುತ್ತಾನೆ, ತನ್ನದು ಐದು, ಅವಳದು ಎರಡು. ಕರೆಯಲು ಬೇಕಾದದ್ದು ಒಂದೇ ಮಾತು. ಆ ಮಾತನ್ನು ಇಷ್ಟು ಜನರ ಕಿವಿಗೆ ಹಾಕಬೇಕು.

"ಆರು. ಏಳು."

ಅಷ್ಟರಲ್ಲಿ ದೂರದಲ್ಲಿ, ಪೇಟೆಯ ದಾರಿಯ ಹಿಟ್ಟಿನ ಗಿರಣಿ ಟಕ್ ಟಕ್ ಎಂದು ಎದ್ದಿತು.

"ಎಂಟು."

ಗಿರಣಿಯ ಸಾಲಿಗೆ ಕರೆಂಟು ಮೊದಲು ಬರುತ್ತದೆ, ಮಗ್ಗದ ಬೀದಿಗೆ ಆಮೇಲೆ. ಎಷ್ಟು ಆಮೇಲೆ ಎಂಬುದನ್ನು ಕಿಟಕಿಯ ಕೆಳಗೆ ಕೂತವಳು ಹನ್ನೊಂದು ವರ್ಷದಿಂದ ಕೇಳುತ್ತಿದ್ದಳು. ರಾಟೆಯ ದೊಡ್ಡ ಚಕ್ರ ಇಪ್ಪತ್ತು ಸುತ್ತು. ಹತ್ತೊಂಬತ್ತಾದದ್ದುಂಟು, ಇಪ್ಪತ್ತೊಂದಾದದ್ದುಂಟು. ಇಪ್ಪತ್ತೆರಡು ದಾಟಿದ್ದಿಲ್ಲ. ಗೋವಿಂದರಾಜುವಿನ ಎಣಿಕೆ ಹೆಚ್ಚೂ ಕಡಿಮೆ ಚಕ್ರದ ಓಟಕ್ಕೇ ಇತ್ತು. ಎಂಟಕ್ಕೆ ಇಪ್ಪತ್ತು ಸೇರಿದರೆ ಇಪ್ಪತ್ತೆಂಟು.

ಅವಳ ಬಲಗೈ ತೊಡೆಯ ಮೇಲೆ ಇಲ್ಲದ ರಾಟೆಯನ್ನು ತಿರುಗಿಸತೊಡಗಿತು.

"ಹದಿನೈದು. ಹದಿನಾರು. ಅಮ್ಮಾ, ಏನಾದ್ರೂ ಮಾಡಿ."

ಅವಳು ಕೋಳಿಯನ್ನು ಮಗುಚಿದಳು. ಮಾವಿನಹಣ್ಣನ್ನು ಮಗುಚಿದಳು. ಇನ್ನು ಹಿಂದಕ್ಕೆ ಹೋಗುವಂತಿಲ್ಲ. ಪಟವನ್ನು ಎದೆಗೆ ಹಿಡಿದಳು.

"ಇಪ್ಪತ್ತು."

"ಹಂಗೇ ಹಿಡ್ಕೊಂಡಿದ್ರೆ ಮರಿ ಆಗುತ್ತಾ ಅಜ್ಜಿ?" ಎಂದಳು ಶಾಮಲಾ. ಈ ಸಲ ಯಾರೂ ನಗಲಿಲ್ಲ. ಬಶೀರುನ್ನೀಸಾ ಕಣ್ಣು ಮುಚ್ಚಿಕೊಂಡಿದ್ದಳು.

"ಇಪ್ಪತ್ತಾರು. ಇಪ್ಪತ್ತೇಳು."

ತೊಡೆಯ ಮೇಲಿನ ಕೈ ನಿಂತಿತು.

"ಇಪ್ಪತ್ತೆಂಟು."

ಕರೆಂಟು ಬರಲಿಲ್ಲ.

"ಇಪ್ಪತ್ತೊಂ..."

ಬಲ್ಬು ಹತ್ತಿತು. ನಾಲ್ಕು ಮಗ್ಗಗಳೂ ಒಟ್ಟಿಗೆ ಬಡಿದುಕೊಂಡವು. ಆಚೆ ಮನೆ, ಈಚೆ ಮನೆ, ಇಡೀ ಬೀದಿಯೇ ಎದ್ದಿತು. ಆ ಗದ್ದಲದೊಳಗೆ ಗಂಗಲಕ್ಷ್ಮಮ್ಮ ತಲೆಯೆತ್ತಿ, ಗೋವಿಂದರಾಜುವಿನ ಮುಖವನ್ನೇ ನೋಡುತ್ತಾ, ತುಟಿಗಳನ್ನು ಪೂರ್ತಿ ತೆರೆದು, ಬಿಡಿಸಿ ಬಿಡಿಸಿ ಹೇಳಿದಳು. ಹೇಳಿದ್ದು ಅವಳ ಕಿವಿಗೇ ಬೀಳಲಿಲ್ಲ. ಪಟವನ್ನು ಚಾಪೆಯ ಮೇಲಿಟ್ಟಳು.

ಶಾಮಲಾ ಎದ್ದು ನಿಂತಳು. ಕೈ ತಿರುಗಿಸಿ ಏನೋ ಕೂಗಿದಳು, ಅದೂ ಕೇಳಲಿಲ್ಲ. ಗೋವಿಂದರಾಜು ಹೋಗಿ ಹತ್ತಿರದ ಮಗ್ಗವೊಂದರ ಹಿಡಿ ಬಿಟ್ಟ. ಉಳಿದವನ್ನೂ ಯಾರೋ ನಿಲ್ಲಿಸಿದರು.

"ಅವರು ಏನೂ ಅನ್ನಲಿಲ್ಲ" ಎಂದಳು ಶಾಮಲಾ. "ಯಾರಿಗಾದ್ರೂ ಕೇಳಿಸ್ತಾ? ಎದೆ ಮುಟ್ಕೊಂಡು ಹೇಳಿ."

ಯಾರಿಗೂ ಕೇಳಿಸಿರಲಿಲ್ಲ.

ಗೋವಿಂದರಾಜು ವಾಪಸು ಬಂದು ಕೂತ. "ಏನಮ್ಮ, ನೀನು ಬಂದು ನಾಲ್ಕು ತಿಂಗಳಾಯ್ತು. ಮಗ್ಗ ಓಡ್ತಿರುವಾಗ ಅಲ್ಲಿಂದ ನಾನು ಕೆಂಪು ಕಂಡಿಕೆ ತಾ ಅಂತೀನಿ. ನೀನು ಕೆಂಪೇ ತರ್ತೀಯಾ. ಒಂದು ದಿನನಾದ್ರೂ ನನ್ನ ದನಿ ನಿನ್ನ ಕಿವಿಗೆ ಬಿದ್ದಿದೆಯಾ?"

ಶಾಮಲಾ ಇಲ್ಲವೆಂದು ತಲೆಯಾಡಿಸಿದಳು.

"ತುಟಿ ನೋಡಿ ತರ್ತೀಯಾ. ಎಲ್ಲರೂ ಹಂಗೇ. ಇಲ್ಲಿ ಮಾತು ಅಂದ್ರೆ ಅದೇ. ಇವರು ಅಂದಿದ್ದನ್ನ ನಾನು ನೋಡಿದೆ." ಅವನು ಸುತ್ತ ತಿರುಗಿ, "ನೀವು?" ಎಂದ.

ನಾಲ್ಕಾರು ತಲೆಗಳು ಆಡಿದವು. ಆದರೆ ಯಾರೂ ಆ ಹೆಸರನ್ನು ಎತ್ತಲಿಲ್ಲ.

"ನೀನು ಎದುರಿಗೇ ಕೂತಿದ್ದೆ. ನೋಡಲಿಲ್ವಾ?"

ಶಾಮಲಾಗೆ ಕೆಮ್ಮು ಬಂತು. ಕೆಮ್ಮು ಮುಗಿಯುವವರೆಗೆ ಎಲ್ಲರೂ ಕಾದರು. ಇಲ್ಲ ಎಂದುಬಿಟ್ಟರೆ ಜಗಳ ಬೆಳೆಯುತ್ತಿತ್ತು. ಅವಳು ಕಣ್ಣೊರೆಸಿಕೊಂಡು, "ನೋಡಿದೆ" ಎಂದಳು. ಬಗ್ಗಿ ಹುಲಿಯನ್ನು ತಾನೇ ಎತ್ತಿ ಆಚೆಗಿಟ್ಟಳು.

ಮಗ್ಗಗಳು ಮತ್ತೆ ಓಡಲು ಇನ್ನೊಂದು ಗಳಿಗೆ ಹಿಡಿಯಿತು. ಗಂಗಲಕ್ಷ್ಮಮ್ಮ ರಾಟೆಯನ್ನು ಕಿಟಕಿಯ ಕೆಳಗೆ ಎಳೆದುಕೊಂಡಳು. ಶಾಮಲಾ ತನ್ನದನ್ನು ಹೊತ್ತು ಮೂಲೆಗೆ ಹೋಗುತ್ತಾ ಅವಳ ಮುಂದೆ ನಿಂತಳು.

"ಅಜ್ಜಿ, ಅದೇನಾ ತಾತನ ಹೆಸರು?"

"ಯಾವುದು?"

"ನೀವು ಅಂದ್ರಲ್ಲ, ಅದು."

"ನಾನು ಏನಂದೆ? ನಿನ್ನ ಕಿವಿಗೆ ಬಿತ್ತಾ?"

"ಇಲ್ಲ."

"ನನ್ನ ಕಿವಿಗೂ ಬಿದ್ದಿಲ್ಲ."

"ಹಂಗಾದ್ರೆ ಕಿಟಕಿ ನಂದು."

"ಕಿಟಕಿ ಕೊಟ್ಟಿದ್ದು ಕಣ್ಣಿಗೆ ಕಂಡಿದ್ದಕ್ಕೆ" ಎಂದಳು ಗಂಗಲಕ್ಷ್ಮಮ್ಮ. "ಹೋಗು, ಮೂಗಿಗೊಂದು ಬಟ್ಟೆ ಕಟ್ಕೊ. ಒದ್ದೆ ಮಾಡಿ ಕಟ್ಕೊ, ಒಣಗಿದ್ದು ಕಟ್ಟಿದ್ರೆ ಪ್ರಯೋಜನ ಇಲ್ಲ."

ಶಾಮಲಾ ಬಾಯಿ ತೆರೆದಳು, ಅಷ್ಟರಲ್ಲಿ ಮಗ್ಗ ಎದ್ದಿತು. ಅವಳು ಅಂದದ್ದು ಒಳ್ಳೆಯ ಮಾತಾಗಿರಲಿಲ್ಲ. ಗಂಗಲಕ್ಷ್ಮಮ್ಮ ಅದನ್ನು ನೋಡಿ, ಮುಖ ತಿರುಗಿಸಿ, ಎಳೆಯ ತುದಿಯನ್ನು ಬೆಳಕಿಗೆ ಹಿಡಿದಳು. ಮೊದಲ ಸುತ್ತಿಗೇ ಎಳೆ ತುಂಡಾಯಿತು. ತುಂಡಾದದ್ದು ಕಂಡಿತು. ನಾಲಗೆಯ ತುದಿಗೆ ಬೆರಳು ಮುಟ್ಟಿಸಿ ಎರಡನ್ನೂ ಹೊಸೆದು ಸೇರಿಸಿದಳು, ರಾಟೆ ತಿರುಗಿಸಿದಳು.